ಮಲ್ಲಿಗೆಗೆ ಬಿದ್ದ ಕೋಳಿ

ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ನಾನು ಔಷಧದ ಅಂಗಡಿಯಿಂದ ಒಂದು ಮಾತು ತಂದೆ, ಅದರ ಅರ್ಥವನ್ನು ಅಂಗಡಿಯ ಕಟ್ಟೆಯ ಮೇಲೇ ಬಿಟ್ಟು ಬಂದೆ. ಅಷ್ಟಕ್ಕೇ ಒಂದು ಮಲ್ಲಿಗೆ ಗಿಡ ಸಾವಿನಂಚಿಗೆ ಹೋಯಿತು, ಐದು ಕೋಳಿಗಳು ಊರು ಬಿಟ್ಟವು, ಒಂದೇ ಗೋಡೆಯ ಎರಡು ಮಗ್ಗುಲಿಗೆ ಇಪ್ಪತ್ತು ವರ್ಷ ಬಾಳಿದ ಇಬ್ಬರು ಹಿರಿಯರು ಮಾತು ಬಿಟ್ಟರು. ತಪ್ಪಿತಸ್ಥ ಯಾರೆಂದು ಯಾರೂ ಹುಡುಕಬೇಕಾಗಿಲ್ಲ. ಇನ್ನು ಮೌಶಿಯ ಬಗ್ಗೆ ಸಮಾಧಾನದಿಂದ ಬರೆಯಬಹುದು.

ಮೌಶಿಯ ಬಲಗಣ್ಣು ಎಡಗಣ್ಣಿಗಿಂತ ಸಣ್ಣದು. ಹುಟ್ಟಿನಿಂದಲ್ಲ, ದುಡಿಮೆಯಿಂದ. ಇಚಲಕರಂಜಿಯ ಒಬ್ಬ ವ್ಯಾಪಾರಿಯ ಗೋದಾಮಿನಲ್ಲಿ ಅವರು ಮೂವತ್ತು ವರ್ಷ ಕಾಪಡ ತಪಾಸಣೆ ಮಾಡಿದವರು. ಮಗ್ಗದಿಂದ ಇಳಿದು ಬಂದ ಬಟ್ಟೆಯ ಮೇಲೆ ಬೆಂಕಿಪೊಟ್ಟಣದಷ್ಟು ದೊಡ್ಡ, ಮಡಚುವ ಹಿತ್ತಾಳೆಯ ಭೂತಗನ್ನಡಿ ಇಡಬೇಕು, ಬಗ್ಗಿ ಬಲಗಣ್ಣು ಹಚ್ಚಬೇಕು, ಇಂಚಿಗೆ ಎಷ್ಟು ಎಳೆ ಇವೆ ಎಂದು ಎಣಿಸಬೇಕು. ಆ ಗಾಜಿಗೆ ಅವರು ಮರಾಠಿಯಲ್ಲಿ ‘ಭಿಂಗ’ ಎನ್ನುತ್ತಿದ್ದರು. ಕೊರಳಲ್ಲಿ ಲಿಂಗದ ಕರಡಿಗೆ, ಸೊಂಟದ ಸಂಚಿಯಲ್ಲಿ ಭಿಂಗ. ಎರಡನ್ನೂ ಬಿಟ್ಟು ಅವರು ಹೊಸ್ತಿಲು ದಾಟಿದ್ದನ್ನು ಮಹಾರಾಷ್ಟ್ರದ ಗಡಿಯೊಳಗಿನ ನಮ್ಮೂರು ಯಡ್ರಾವದಲ್ಲಿ ಯಾರೂ ನೋಡಿಲ್ಲ.

ಅವರು ನನ್ನ ತಾಯಿಯ ತಂಗಿ ಅಲ್ಲ. ಇಡೀ ಓಣಿಗೇ ಮೌಶಿ, ಹಾಗಾಗಿ ನನಗೂ. ನಾನು ಕಾಪಡದ ತಾಗಾಗಳನ್ನು, ಅಂದರೆ ಬಟ್ಟೆಯ ಥಾನುಗಳನ್ನು, ಸಾಗಿಸುವ ಟೆಂಪೊ ಓಡಿಸುತ್ತೇನೆ. ಅದು ಹೊಟ್ಟೆಪಾಡು. ನನ್ನ ನಿಜವಾದ ಕಸುಬು ಜನರ ದನಿ ಕದಿಯುವುದು. ಗಡಹಿಂಗ್ಲಜ ಬಸ್ಸಿನ ಕಂಡಕ್ಟರು ಅರ್ಧ ಟಿಕೀಟು ಮರಾಠಿಯಲ್ಲಿ, ಅರ್ಧ ಟಿಕೀಟು ಕನ್ನಡದಲ್ಲಿ ಹರಿಯುವುದು, ನಮ್ಮ ಮಾಲೀಕ ಶೇಟು ಮೂಗಿನಲ್ಲಿ ‘ಉದ್ಯಾ’ ಎಂದು ಕೂಲಿಯನ್ನು ನಾಳೆಗೆ ತಳ್ಳುವುದು, ಸ್ವಂತ ಅಪ್ಪ ಜಗಳದ ನಡುವೆ ಸೀನುವುದು, ಎಲ್ಲ ಮಾಡಿ ತೋರಿಸುತ್ತೇನೆ. ಮೌಶಿ ನನಗೆ ‘ಟೇಪು’ ಎಂದೇ ಹೆಸರಿಟ್ಟಿದ್ದರು.

ಒಮ್ಮೆ ಅವರೆದುರಿಗೇ ಅವರದನ್ನೇ ಮಾಡಿದೆ. ಬಗ್ಗಿ, ಕಣ್ಣು ಕಿರಿದು ಮಾಡಿ, “ಹಾಂ... ಇಲ್ಲೊಂದ ಎಳಿ ತಪ್ಪೈತಿ ನೋಡ್ರಿ” ಎಂದೆ. ಓಣಿಯ ಹೆಂಗಸರೆಲ್ಲ ನಕ್ಕರು. ಮೌಶಿ ನಗಲಿಲ್ಲ.

“ಧ್ವನಿ ಬಂತಲೇ ಟೇಪ. ಕಣ್ಣ ತಪ್ಪಿತು. ನಂದು ಬಲಗಣ್ಣ ಸಣ್ಣದು, ನೀ ಎಡಗಣ್ಣ ಸಣ್ಣ ಮಾಡಿದಿ” ಎಂದರು. ಅಷ್ಟಕ್ಕೇ ಬಿಡದೆ ಹತ್ತಿರ ಕರೆದು, ಹೊಸದಾಗಿ ಬಿಟ್ಟ ನನ್ನ ಮೀಸೆಯ ಮೇಲೆ ಭಿಂಗ ಇಟ್ಟು ಎಣಿಸಿದರು. “ಇಂಚಿಗಿ ಹನ್ನೊಂದ. ರಿಜೆಕ್ಟ್.”

ಹೀಗೆ ಅವರು ಕಂಡದ್ದಕ್ಕೆಲ್ಲ ಭಿಂಗ ಹಚ್ಚುತ್ತಿದ್ದರು. ಸಕ್ಕರೆಯ ಹರಳು, ಸೊಳ್ಳೆಯ ರೆಕ್ಕೆ, ಹೊಸ ನೋಟಿನ ಮೇಲಿನ ಗೆರೆ. ನೋಡಿ ಆದ ಮೇಲೆ ಅವರ ಮುಖದಲ್ಲಿ ಪರೀಕ್ಷೆ ಮುಗಿಸಿ ಬಂದ ಹುಡುಗಿಯ ಹಿಗ್ಗು ಇರುತ್ತಿತ್ತು. “ಕಂಡದ್ದ ಹೇಳಬ್ಯಾಡ, ಎಣಿಸಿದ್ದ ಹೇಳು” ಎನ್ನುವುದು ಅವರ ನಿತ್ಯದ ಮಾತು. ಇನ್ನೊಂದು ಮಾತನ್ನು ಗೋದಾಮಿನಲ್ಲಿ ಹೊಸದಾಗಿ ಸೇರಿದ ಹೆಂಗಸರಿಗೆ ಹೇಳುತ್ತಿದ್ದರು: “ಕೆಟ್ಟ ಕಾಪಡ ಪಾಸ್ ಮಾಡಿದ್ರ ಗಿರಾಕಿ ಬೈತಾನ, ಬೈಸ್ಕೋಬಹುದು. ಚೊಲೊ ಕಾಪಡಕ್ಕ ತಪ್ಪ ಗುರುತ ಹಾಕಿದ್ರ ನೇಯ್ದಾವನ ಹೊಟ್ಟಿ ಮ್ಯಾಲ ಕಾಲಿಟ್ಟಂಗ.” ಮೂವತ್ತು ವರ್ಷದಲ್ಲಿ ಒಮ್ಮೆಯೂ ತಪ್ಪು ಗುರುತು ಹಾಕಿಲ್ಲ ಎಂಬುದೊಂದೇ ಅವರ ಜಂಬ.

ಅವರ ಹಿತ್ತಲಲ್ಲಿ ಒಂದು ದುಂಡುಮಲ್ಲಿಗೆ ಗಿಡವಿತ್ತು. ತವರೂರು ಮಹಾಗಾಂವದಲ್ಲಿ ಅವರ ಅವ್ವ ನೆಟ್ಟ ಗಿಡದ ಟೊಂಗೆ ತಂದು ಊರಿದ್ದು. ಅಲ್ಲಿಯ ತಾಯಿಗಿಡವನ್ನು ಅವರ ಅಣ್ಣ ಸ್ಲ್ಯಾಬಿನ ಮನೆ ಕಟ್ಟುವಾಗ ಬುಡಸಮೇತ ಕಿತ್ತು ಹಾಕಿದ್ದ. ಆ ವಂಶದಲ್ಲಿ ಉಳಿದದ್ದು ಇದೊಂದೇ. ಇದು ಹೋದರೆ ಅವ್ವನದೆನ್ನುವುದು ಏನೂ ಉಳಿಯುವುದಿಲ್ಲ ಎಂದು ಮೌಶಿ ಬಾಯಿಬಿಟ್ಟು ಹೇಳಿದ್ದನ್ನು ನಾನೇ ಕೇಳಿದ್ದೇನೆ. ಪೂಜೆಗೆ ಪೇಟೆಯ ಹೂವು ಅವರು ಮುಟ್ಟುತ್ತಿರಲಿಲ್ಲ.

ಆ ವರ್ಷ ಗಿಡದ ಚಿಗುರಿಗೆ ಏನೋ ಬೆಳ್ಳಗೆ ಅಂಟಿತು. ಎಲೆಯ ಮೇಲೆ, ದೇಟಿನ ಮೇಲೆ, ಮೊಗ್ಗಿನ ತೊಟ್ಟಿನ ಮೇಲೆ, ತೆಳ್ಳಗೆ ಹಿಂಜಿದ ಹತ್ತಿಯ ಹಾಗೆ. ಮೊಗ್ಗು ಸಾಸಿವೆಯಷ್ಟಾಗಿ ಅಲ್ಲೇ ನಿಂತು ಒಣಗತೊಡಗಿತು. ನಮ್ಮ ಊರಲ್ಲಿ ಬೆಳ್ಳಗಿನದು ಏನು ಕಂಡರೂ ಯಾರೂ ಎರಡನೇ ಸಲ ನೋಡುವುದಿಲ್ಲ. ಮಗ್ಗದ ಶೆಡ್ಡುಗಳಿಂದ ಹತ್ತಿಯ ಧೂಳು ಹಾರಿ ಹುಬ್ಬಿನ ಮೇಲೆ, ಚಹಾದ ಮೇಲೆ, ಕರೆಂಟಿನ ತಂತಿಯ ಮೇಲೆ ಕೂರುತ್ತದೆ. ಗಿಡದ ಮೇಲೂ ಕೂತಿದೆ, ಅಷ್ಟೇ ಎಂದರು ಎಲ್ಲರೂ.

ಮೌಶಿ ಒಂದು ಎಲೆ ಕಿತ್ತು ಭಿಂಗ ಹಚ್ಚಿದರು. “ಹತ್ತಿ ಅಲ್ಲಿದು. ಹತ್ತಿ ಎಳಿಗಿ ತಿರುವ ಇರತೈತಿ. ಇದಕ್ಕ ತಿರುವ ಇಲ್ಲ.” ಮತ್ತೆ ಏನು ಎಂದರೆ ಗೊತ್ತಿಲ್ಲ. ನಾನು ಇಚಲಕರಂಜಿಗೆ ಹೊರಟಿದ್ದೆ. ಎಲೆಯನ್ನು ಕಾಗದದಲ್ಲಿ ಸುತ್ತಿ ಕೊಟ್ಟು, “ಬೆಳಿಗಿ ಹೊಡಿಯೂ ಔಷಧದ ಅಂಗಡ್ಯಾಗ ತೋರಿಸ್ಕೊಂಡ ಬಾ. ಅವರ ಏನಂತಾರ, ಅಕ್ಷರಾ ಬಿಡದ ಬಂದ ಹೇಳಬೇಕ ನೋಡ” ಎಂದರು.

ಅಕ್ಷರ ಬಿಡುವ ಪೈಕಿ ಅಲ್ಲ ನಾನು.

ಅಂಗಡಿಯವನ ದನಿ ಕೇಳಿದ ಕೂಡಲೇ ನನಗೆ ಹಬ್ಬವಾಯಿತು. ಗಂಟಲಲ್ಲಿ ತಗಡು ಎಳೆದ ಹಾಗೆ ಮಾತು, ಕೊನೆಯ ಶಬ್ದಕ್ಕೆ ಒಂದು ಜಗ್ಗು. ಎಲೆಯನ್ನು ತಿರುಗಿಸಿ ನೋಡಿ ಮರಾಠಿಯಲ್ಲಿ, “ಕೋಳೀ ಹಾಯ್ ಹ್ಯೋ. ಕೋಳೀ ಮಾರಾ, ಮಗ್ ಕಳ್ಯಾ ಯೇತೀಲ” ಎಂದ. ಮೊಗ್ಗು ಬರುತ್ತದೆ ಎನ್ನುವುದೊಂದು ತಲೆಗೆ ಹೋಯಿತು, ಉಳಿದದ್ದರಲ್ಲಿ ನಾನು ಕೇಳಿದ್ದು ದನಿ ಮಾತ್ರ. ಔಷಧ ತೆಗೆಯಲೆಂದು ಅವನು ಹಿಂದಿನ ಕಪಾಟಿಗೆ ತಿರುಗಿದ. ಆ ಜಗ್ಗು ಮರೆತುಹೋಗುವ ಮೊದಲು ಊರು ಮುಟ್ಟಬೇಕೆಂದು ನಾನು ಟೆಂಪೊ ಹತ್ತಿದೆ. ದಾರಿಯುದ್ದಕ್ಕೂ ಅದನ್ನೇ ಹೇಳಿ ಹೇಳಿ ಪಳಗಿಸಿದೆ. ಏನು ಹೇಳುತ್ತಿದ್ದೇನೆ ಎಂದು ಒಮ್ಮೆಯಾದರೂ ಯೋಚಿಸಿದ್ದರೆ ಈ ಬರಹವೇ ಇರುತ್ತಿರಲಿಲ್ಲ.

ಓಣಿಗೆ ಬಂದು ಹಿತ್ತಲಲ್ಲಿ ನಿಂತು, ಆ ತಗಡಿನ ದನಿಯಲ್ಲೇ ಒಪ್ಪಿಸಿದೆ. “ಕೋಳೀ ಹಾಯ್ ಹ್ಯೋ. ಕೋಳೀ ಮಾರಾ!” ಆಮೇಲೆ ಮೊಗ್ಗು ಬರುತ್ತವಂತೆ ಎಂದೂ ಸೇರಿಸಿದೆ.

ಮೌಶಿಗೆ ಮರಾಠಿ ಬರುತ್ತಿತ್ತು. ಆದರೆ ಅದು ಗೋದಾಮಿನ ಮರಾಠಿ. ತಾಗಾ, ಎಳೆ, ಡಾಗು, ಗಂಟು, ಇಂಚು, ಇದರಾಚೆ ಅದು ನಡೆಯುತ್ತಿರಲಿಲ್ಲ. ಅಂಗಡಿಯವರೂ ನಮ್ಮಂಥವರೊಡನೆ ಅರ್ಧ ಕನ್ನಡ ಬೆರೆಸಿ ಮಾತಾಡುವುದು ರೂಢಿ. ಆದ್ದರಿಂದ ಆ ಎರಡು ಶಬ್ದ ಅವರ ಕಿವಿಯ ಕನ್ನಡದ ಬದಿಗೇ ಹೋಗಿ ಬಿದ್ದವು. ಕೋಳಿ. ಮಾರು.

ಮೌಶಿ ಎಲೆಯನ್ನು ಮತ್ತೆ ನೋಡಿದರು. ಬೆಳ್ಳಗೆ, ಮೆತ್ತಗೆ, ಕೋಳಿಮರಿಯ ಮೈಮೇಲಿನ ತುಪ್ಪುಳದ ಹಾಗೆಯೇ ಇತ್ತು. ಆಮೇಲೆ ಗೋಡೆಯ ಕಡೆ ನೋಡಿದರು.

ಗೋಡೆಯಾಚೆ ಜಾಬರಣ್ಣನ ಮನೆ. ಮಗ್ಗ ಕೆಟ್ಟರೆ ರಿಪೇರಿ ಮಾಡುವವನಿಗೆ ನಮ್ಮಲ್ಲಿ ಜಾಬರ್ ಎನ್ನುತ್ತಾರೆ. ಹೆಂಡತಿ ತೀರಿಕೊಂಡ ಮೇಲೆ ಅವರು ಒಬ್ಬರೇ ಇದ್ದರು. ಆಕೆ ಸಾಕಿದ ಕೋಳಿಗಳ ಮೊಮ್ಮಕ್ಕಳು ಐದು ಅವರ ಜೊತೆಗಿದ್ದವು. ಓಣಿಯಲ್ಲಿ ಬೇರೆ ಯಾರೂ ಕೋಳಿ ಸಾಕಿರಲಿಲ್ಲ. ಅವು ಗೋಡೆ ಹಾರಿ ಮಲ್ಲಿಗೆಯ ಬುಡದಲ್ಲಿ ಕೆದರುವುದೂ ಇತ್ತು. ಇಷ್ಟು ದಿನ ಮೌಶಿ ಅವಕ್ಕೆ ಬರೀ “ಹುಶ್” ಎನ್ನುತ್ತಿದ್ದರು.

“ಜಾಬರಣ್ಣ, ನಿಮ್ಮ ಕೋಳಿ ಮಾರಿಬಿಡ್ರಿ.”

“ಯಾಕ್ರಿ ಅಕ್ಕಾರ? ಏನಾತು?”

“ನನ್ನ ಗಿಡಾ ಸಾಯಾಕತ್ತೈತಿ. ಔಷಧದ ಅಂಗಡಿಯವರ ಹೇಳ್ಯಾರ, ಕೋಳಿ ಮಾರಿದ್ರ ಮೊಗ್ಗ ಬರತಾವಂತ.”

“ಔಷಧದ ಅಂಗಡಿಯವಂಗ ನನ್ನ ಕೋಳಿ ಹ್ಯಾಂಗ ಗೊತ್ತ್ರಿ?”

ಒಳ್ಳೆಯ ಪ್ರಶ್ನೆ. ಅಲ್ಲೇ ಎಲ್ಲ ಮುಗಿಯಬೇಕಿತ್ತು. ಆದರೆ ಮೌಶಿ ನನ್ನ ಕಡೆ ಬೆರಳು ಮಾಡಿ, “ಈ ಹುಡುಗ ಸ್ವಂತದ್ದ ಹೇಳಿದ್ರ ಹತ್ತರಾಗ ಒಂಬತ್ತ ಸುಳ್ಳ. ಬ್ಯಾರೇದವರದ್ದ ಹೇಳಿದ್ರ ಅಕ್ಷರ ತಪ್ಪೂದಿಲ್ಲ” ಎಂದರು. ನನ್ನ ಜೀವನದಲ್ಲಿ ನನಗೆ ಸಿಕ್ಕ ಮೊದಲ ಪ್ರಶಸ್ತಿಪತ್ರ ಅದು. ನಾನು ಎದೆ ಉಬ್ಬಿಸಿ ನಿಂತೆ.

ಜಾಬರಣ್ಣ ಒಮ್ಮೆ ಕೋಳಿಗಳ ಕಡೆ ನೋಡಿದರು. ಕೈಯಲ್ಲಿದ್ದ ನಟ್ಟು ಬಿಗಿಯುವ ಪಾನಾ ಒರೆಸಿದರು. “ಮಾರಾಂಗಿಲ್ರಿ. ಅಕೀ ಸಾಕಿದ್ದವು. ಸುಳಕೂಡದಾಗ ತಂಗಿ ಅದಾಳ, ಅಕೀ ಕಡೆ ಬಿಟ್ಟ ಬರತೀನಿ. ಆತಿಲ್ರಿ?” ಎಂದು ಒಳಗೆ ಹೋದರು. ಮರುದಿನ ಮುಂಜಾನೆ ಒಂದು ದೊಡ್ಡ ಕೈಚೀಲದಿಂದ ಐದು ಕೆಂಪು ಜುಟ್ಟುಗಳು ಇಣುಕುತ್ತ ಬಸ್‌ಸ್ಟ್ಯಾಂಡಿನ ಕಡೆ ಹೋದವು. ಅವರು ಮೌಶಿಯ ಬಾಗಿಲ ಮುಂದೆ ಹಾದರು, ತಲೆ ಎತ್ತಲಿಲ್ಲ. ಸಂಜೆ ಮೌಶಿ ಎಂದಿನಂತೆ ಜಾಬರಣ್ಣನಿಗೆಂದು ಗೋಡೆಯ ಮೇಲೆ ಒಂದು ಬಟ್ಟಲು ಸಾರು ಇಟ್ಟರು. ಅದು ರಾತ್ರಿಯವರೆಗೂ ಅಲ್ಲೇ ಆರಿತು.

ಮೂರು ವಾರವಾಯಿತು. ಓಣಿಯಲ್ಲಿ ಒಂದು ಗರಿಯೂ ಇರಲಿಲ್ಲ, ಆದರೂ ಗಿಡದ ಬಿಳುಪು ಹೆಚ್ಚುತ್ತಲೇ ಇತ್ತು. ಹೊಸ ಚಿಗುರು ಸುರುಟಿ, ಮುದುಡಿ, ಬಿಳಿ ಗಡ್ಡ ಬಿಟ್ಟಂತೆ ಬರುತ್ತಿತ್ತು. ಒಂದು ದಿನ ಮಧ್ಯಾಹ್ನ ಮೌಶಿ ನನ್ನನ್ನು ಕೂಗಿದರು. ಒಂದು ಎಲೆಯ ಮೇಲೆ ಭಿಂಗ ಇಟ್ಟು, ಸೂಜಿಯ ಮೊನೆಯಿಂದ ಆ ಬಿಳಿ ಎಳೆಯನ್ನು ಎಳೆಯುತ್ತಿದ್ದರು.

“ನೋಡಿಲ್ಲೆ. ಜಗ್ಗಿದ್ರ ಎಲಿನ ಜಗ್ಗತೈತಿ. ಬುಡ ಎಲಿಯಾಗ ಐತಿ. ಇದು ಮ್ಯಾಲಿಂದ ಬಿದ್ದದ್ದಲ್ಲಲೇ, ಇಲ್ಲೇ ಹುಟ್ಟಿದ್ದು.”

“ಅಂದ್ರ ಪುಕ್ಕ ಅಲ್ಲೇನ್ರಿ?”

ಮೌಶಿ ಸೂಜಿ ಕೆಳಗಿಟ್ಟರು. ತಮ್ಮಷ್ಟಕ್ಕೆ ತಾವು, “ಎಣಿಸಲಾರದ ಹೇಳಿಬಿಟ್ಟೆ” ಎಂದರು. ಗೋಡೆಯ ಕಡೆ ನೋಡಲಿಲ್ಲ.

ಅವರ ಅಣ್ಣನ ಸೊಸೆ ಗಡಹಿಂಗ್ಲಜದ ಒಂದು ಕಾಲೇಜಿನಲ್ಲಿ ಗಿಡಮರಗಳ ವಿಷಯ ಕಲಿಸುತ್ತಿದ್ದಳು. ಮರುದಿನವೇ ಮೌಶಿ ಒಂದು ಟೊಂಗೆಯನ್ನು ಒದ್ದೆ ಅರಿವೆಯಲ್ಲಿ ಸುತ್ತಿ, ಊಟದ ಡಬ್ಬಿಯಲ್ಲಿಟ್ಟು, ನನ್ನ ಟೆಂಪೊದ ಮುಂದಿನ ಸೀಟಿನಲ್ಲಿ ಕೂತರು. ಘಾಟಿನ ಏರಿನಲ್ಲೂ ಡಬ್ಬಿಯನ್ನು ಮಡಿಲಿನಿಂದ ಇಳಿಸಲಿಲ್ಲ. ದಾರಿಯಲ್ಲಿ ನಗಿಸಬೇಕೆಂದು ಕಂಡಕ್ಟರನ ದನಿ ತೆಗೆದೆ. “ಸುಮ್ಕ ನಡಸು” ಎಂದರು.

ಸೊಸೆ ಆ ಬಿಳಿ ಭಾಗವನ್ನು ಚೂರು ಕತ್ತರಿಸಿ ಸೂಕ್ಷ್ಮದರ್ಶಕದ ಕೆಳಗಿಟ್ಟು, ತಿರುಪು ತಿರುಗಿಸಿ, “ಬರ್ರಿ ಅತ್ತಿ, ನೋಡ್ರಿ” ಎಂದಳು. ಮೌಶಿಗೆ ಯಾರೂ ಹೇಳಿಕೊಡಬೇಕಾಗಲಿಲ್ಲ. ಬಲಗಣ್ಣು ನೇರ ಹೋಗಿ ಗಾಜಿಗೆ ಅಂಟಿತು.

“ಅಯ್ಯ ಶಿವನ! ಎಳೀದ ಅಡವೀನ ಐತಿ. ದಾಟಾಕ ಜಾಗಾನ ಇಲ್ಲ.” ಮತ್ತಷ್ಟು ಬಗ್ಗಿದರು. “ಏ... ಏನೋ ಹೊಂಟೈತಿ. ಗಜ್ಜರಿ ಇದ್ದಂಗ ಐತಿ ನೋಡ, ಸಣ್ಣ ಗಜ್ಜರಿ! ಮುಂದ ದಪ್ಪ, ಹಿಂದ ಚೂಪ. ಮುಂದ ಕಾಲ ಅದಾವ. ಒಂದ, ಎರಡ, ಮೂರ... ನಾಕ.”

“ಅವ ನೋಡ್ರಿ ನಿಮ್ಮ ಮಲ್ಲಿಗಿ ಕಳ್ಳರು. ಜ್ಯಾಡರ ಹುಳದ ಬಳಗ ಇವು” ಎಂದಳು ಸೊಸೆ. ಜೇಡಕ್ಕೆ ನಮ್ಮಲ್ಲಿ ಜ್ಯಾಡರ ಹುಳ, ಅಂದರೆ ನೇಕಾರರ ಹುಳ, ಎನ್ನುತ್ತಾರೆ.

“ಜ್ಯಾಡರ ಹುಳಕ್ಕ ಎಂಟ ಕಾಲ. ಇದಕ್ಕ ನಾಕ ಯಾಕ?”

“ಆ ಬಳಗದಾಗ ಇವಕಷ್ಟ ನಾಕ್ರಿ. ಹಿಂದಿನ ನಾಕ ಇಲ್ಲ.”

“ಹಂಗಾರ ಇದು ಹುಳ ಅಲ್ಲ, ಕುರ್ಚಿ” ಎಂದೆ ನಾನು. ಇಬ್ಬರೂ ಕಿವಿಗೊಡಲಿಲ್ಲ.

ಮೌಶಿ ಆ ಗಾಜು ಬಿಟ್ಟು ಏಳಲು ತಯಾರಿರಲಿಲ್ಲ. ಪ್ರಶ್ನೆಯ ಮೇಲೆ ಪ್ರಶ್ನೆ. ನಾಲ್ಕೇ ಕಾಲಿದ್ದರೆ ಗಿಡದಿಂದ ಗಿಡಕ್ಕೆ ಹೇಗೆ ಹೋಗುತ್ತದೆ? ಗಾಳಿಯಲ್ಲಿ ತೇಲಿಕೊಂಡು. ನನ್ನ ದಾಸವಾಳಕ್ಕೆ ಯಾಕೆ ಹತ್ತಿಲ್ಲ? ಅದಕ್ಕೆ ಮಲ್ಲಿಗೆಯೇ ಬೇಕು, ಬೇರೆ ಗಿಡದಲ್ಲಿ ಬಿದ್ದರೆ ಉಳಿಯುವುದಿಲ್ಲ. ಈ ಬಿಳಿ ಅರಿವೆಯನ್ನು ಅದು ಎಷ್ಟು ದಿನಕ್ಕೆ ನೇಯುತ್ತದೆ?

“ಅದು ನೇಯೂದ ಇಲ್ರಿ ಅತ್ತಿ. ಅದು ಎಲಿ ರಸಾ ಹೀರತೈತಿ. ಆ ಕಾಟಕ್ಕ ಎಲೀನ ಕೂದಲಾ ಬಿಡತೈತಿ. ಆ ಕೂದಲದಾಗ ಇವು ಬೆಚ್ಚಗ ಸಂಸಾರ ಮಾಡತಾವ.”

ಮೌಶಿ ಮೊದಲ ಸಲ ತಲೆ ಎತ್ತಿದರು. “ನೇಯೂದ ಗಿಡ. ಹೊಚ್ಕೊಂಡ ಮಲಗೂದ ಇದು. ಹಂಗಾರ ಇದು ಜ್ಯಾಡರ ಹುಳ ಅಲ್ಲವಾ, ಇದು ಶೇಟ್.”

ಸೊಸೆ ನಕ್ಕು ನಕ್ಕು ಮೇಜು ಹಿಡಿದಳು. ನಕ್ಕು ಮುಗಿದ ಮೇಲೆ, ಇಚಲಕರಂಜಿಯಲ್ಲಿ ಯಾರಿಗಾದರೂ ತೋರಿಸಿದ್ದಿರಾ ಎಂದು ಕೇಳಿದಳು. ಮೌಶಿ ನನ್ನನ್ನು ನೋಡಿದರು. ನಾನು ಹೆಮ್ಮೆಯಿಂದ ಗಂಟಲು ಸರಿ ಮಾಡಿಕೊಂಡು, ಆ ತಗಡಿನ ದನಿಯಲ್ಲಿ, ಜಗ್ಗಿನ ಸಮೇತ ಹೇಳಿದೆ: “ಕೋಳೀ ಹಾಯ್ ಹ್ಯೋ. ಕೋಳೀ ಮಾರಾ, ಮಗ್ ಕಳ್ಯಾ ಯೇತೀಲ.”

“ಬರೋಬ್ಬರಿ ಹೇಳ್ಯಾನಲ್ಲ!” ಎಂದಳು ಸೊಸೆ. “ಮರಾಠ್ಯಾಗ ಕೋಳೀ ಅಂದ್ರ ಜ್ಯಾಡರ ಹುಳ. ಈ ಸಣ್ಣ ಜಾತಿಗೂ ಹಂಗ ಅಂತಾರ. ಮಾರಾ ಅಂದ್ರ ಕೊಲ್ಲರಿ. ನೀವ ಏನ ತಿಳಕೊಂಡ್ರಿ?”

ಮೌಶಿ ಊಟದ ಡಬ್ಬಿಯ ಮುಚ್ಚಳ ಹಾಕಿದರು. ಮರಾಠಿಯಲ್ಲಿ ನಮ್ಮ ಕೋಳಿಗೆ ‘ಕೋಂಬಡಿ’ ಎನ್ನುತ್ತಾರೆ. ನನಗೆ ಅದು ಗೊತ್ತಿತ್ತು. ಗಡಿಯ ಈಚೆ ಹುಟ್ಟಿ ಮರಾಠಿ ಸಾಲೆಯಲ್ಲಿ ಹತ್ತನೇ ಇಯತ್ತೆಯವರೆಗೆ ಓದಿದ ಯಾವ ಕತ್ತೆಗಾದರೂ ಗೊತ್ತಿರಬೇಕು.

ತಿರುಗಿ ಬರುವಾಗ ಮೌಶಿ ಬಹಳ ಹೊತ್ತು ಹೊರಗೆ ಕಬ್ಬಿನ ಗದ್ದೆ ನೋಡುತ್ತ ಕೂತರು. ಆಮೇಲೆ ಬೈಗುಳವಿಲ್ಲದೆ, ನಿಜಕ್ಕೂ ತಿಳಿಯಬೇಕೆಂಬ ದನಿಯಲ್ಲಿ ಕೇಳಿದರು: “ಟೇಪ, ಅಂವನ ಧ್ವನಿ ಇಷ್ಟ ಚಂದ ತಂದಿ. ಅರ್ಥ ತರಾಕ ಏನ ಭಾರ ಆಗಿತ್ತೋ?”

ಬೈದಿದ್ದರೆ ನಾನು ಆ ಬೈಗುಳವನ್ನೂ ಅಭ್ಯಾಸ ಮಾಡಿ ನಾಲ್ಕು ಜನರಿಗೆ ತೋರಿಸುತ್ತಿದ್ದೆ. ಈ ಮಾತನ್ನು ಇಂದಿಗೂ ಯಾರ ಮುಂದೆಯೂ ಅವರ ದನಿಯಲ್ಲಿ ಹೇಳಿಲ್ಲ. ಹೇಳಲು ಬರುವುದಿಲ್ಲ.

ಮರುದಿನ ಮುಂಜಾನೆ ಮೌಶಿ ತಾವೇ ಕುಡುಗೋಲು ತೆಗೆದುಕೊಂಡರು. ಬಿಳಿ ಹತ್ತಿದ ಟೊಂಗೆಯನ್ನೆಲ್ಲ ಕಡಿದು ಸುಡಬೇಕು, ಉಳಿದದ್ದಕ್ಕೆ ಗಂಧಕ ಹೊಡೆಯಬೇಕು ಎಂದು ಸೊಸೆ ಹೇಳಿದ್ದಳು. ಬಿಳಿ ಹತ್ತದ ಟೊಂಗೆ ಹುಡುಕಿದರೂ ಇರಲಿಲ್ಲ. ಅವ್ವನ ಗಿಡ ಮೊಣಕಾಲೆತ್ತರದ ಮೂರು ಮೋಟಾಗಿ ನಿಂತಿತು. ಹಸಿ ಟೊಂಗೆ ಉರಿಯದೆ ಹೊಗೆಯಾಡಿತು. ಮೌಶಿ ಸೆರಗಿನಿಂದ ಕಣ್ಣು ಒರೆಸಿಕೊಂಡರು, ಹೊಗೆಗೆ ಇರಬಹುದು.

ಗಿಡ ಬದುಕಿತು. ತಿಂಗಳೊಳಗೆ ಚಿಗುರಿತು, ಮೌಶಿ ಪ್ರತಿ ಎಲೆಯನ್ನೂ ಮಗುಚಿ ಭಿಂಗ ಹಚ್ಚಿ “ಪಾಸ್” ಎನ್ನುತ್ತ ಹೋದರು. ಮುಂದಿನ ಬೇಸಗೆಗೆ ಅವರ ಪೂಜೆಗೆ ಸಾಲುವಷ್ಟು ಹೂ ಬಿಟ್ಟಿತು. ಹೋದ ಮಳೆಗಾಲದಲ್ಲಿ ಮೌಶಿ ಎರಡೇ ದಿನ ಮಲಗಿ ತೀರಿಕೊಂಡರು. ಅವರಿಂದ ನಾನು ಪಡೆದದ್ದು ಒಂದು ಅಭ್ಯಾಸ. ಈಗ ಯಾರದಾದರೂ ದನಿ ಕದಿಯುವ ಮೊದಲು “ಅಂದ್ರ ಏನ್ರಿ?” ಎಂದು ಕೇಳುತ್ತೇನೆ. ಕೇಳಿದರೆ ಜನ ಇನ್ನೂ ನಾಲ್ಕು ಮಾತು ಆಡುತ್ತಾರೆ. ಕದಿಯಲು ಹೆಚ್ಚು ಸಿಗುತ್ತದೆ. ಇಷ್ಟು ಸರಳ ಲಾಭ ನನಗೆ ಇಪ್ಪತ್ತೆರಡು ವರ್ಷ ಹೊಳೆದಿರಲಿಲ್ಲ.

ಆದರೆ ಕೋಳಿಯ ಪ್ರಕರಣ ಮುಗಿದದ್ದು ಗಿಡ ಕಡಿದ ಆ ಮುಂಜಾನೆಯೇ. ಬೆಂಕಿ ಆರಿದ ಮೇಲೆ ಮೌಶಿ ನನ್ನ ರಟ್ಟೆ ಹಿಡಿದುಕೊಂಡು ಜಾಬರಣ್ಣನ ಬಾಗಿಲಿಗೆ ಹೋದರು. ಅವರು ಕಟ್ಟೆಯ ಮೇಲೆ ಕೂತು ಮಗ್ಗದ ಯಾವುದೋ ತುಣುಕನ್ನು ಕಾನಸಿನಿಂದ, ಅಂದರೆ ಅರದಿಂದ, ಉಜ್ಜುತ್ತಿದ್ದರು. ನಮ್ಮನ್ನು ನೋಡಿದರು, ಉಜ್ಜುವುದು ನಿಲ್ಲಿಸಲಿಲ್ಲ.

“ಜಾಬರಣ್ಣ, ಚೊಲೊ ಕಾಪಡಕ್ಕ ತಪ್ಪ ಗುರುತ ಹಾಕೇನ್ರಿ” ಎಂದರು ಮೌಶಿ. ನಿಂತೇ ಹೇಳಿದರು, ಕೂರಲಿಲ್ಲ. “ಮೂವತ್ತ ವರ್ಷದಾಗ ಇದ ಮೊದಲನೇದ್ದ. ಅದೂ ನಿಮಗ ಹಾಕಿದೆ.”

ಕಾನಸು ನಿಂತಿತು. ಜಾಬರಣ್ಣ ತಲೆ ತಗ್ಗಿಸಿಯೇ, “ಮೂರ ವಾರ ಆತ್ರಿ ಅಕ್ಕಾರ. ಮುಂಜಾನೆ ಎದ್ದಕೂಡಲೆ ಕೈ ತಾನ ಜ್ವಾಳದ ಡಬ್ಬಿಗಿ ಹೋಗತೈತಿ. ಹೋಗಿ ತಿರುಗಿ ಬರತೈತಿ” ಎಂದರು.

ಮೌಶಿ ನನ್ನ ರಟ್ಟೆ ಚಿವುಟಿದರು. “ಹೇಳಲೇ. ಅಂಗಡ್ಯಾಗ ಕೇಳಿದ್ದನ್ನ ಇವರ ಮುಂದ ಹೇಳ.”

ಜಗ್ಗಿಲ್ಲದೆ, ತಗಡಿಲ್ಲದೆ, ಬರೀ ನನ್ನ ದನಿಯಲ್ಲಿ ಹೇಳಿದೆ. ಜಾಬರಣ್ಣನ ಮರಾಠಿ ಗೋದಾಮಿನದಲ್ಲ, ಊರೂರು ಶೆಡ್ಡು ತಿರುಗಿ ಕಲಿತದ್ದು. ಎರಡು ಸಲ ತುಟಿಯಲ್ಲೇ “ಕೋಳೀ ಮಾರಾ” ಎಂದುಕೊಂಡರು. ಮೂರನೆಯ ಸಲಕ್ಕೆ ಭುಜ ಅಲುಗಿತು. ಆಮೇಲೆ ಕಾನಸು ಕೆಳಗೆ ಬಿತ್ತು, ಅವರು ಕಟ್ಟೆಯ ಕಂಬಕ್ಕೆ ಒರಗಿ ಕಣ್ಣಲ್ಲಿ ನೀರು ಬರುವವರೆಗೆ ನಕ್ಕರು. ಮೌಶಿ ಮಾತ್ರ ಬಿಗಿಯಾಗಿ ನಿಂತಿದ್ದರು, ಇನ್ನೂ ತೀರ್ಪು ಬರಬೇಕಿದೆ ಎಂಬಂತೆ.

“ಹಂಗಾರ ನಾಳಿಗಿ ಸುಳಕೂಡಕ್ಕ ಹೋಗಿ ಕೋಳಿ ತಿರುಗಿ ತರ್ಲೇನ್ರಿ ಅಕ್ಕಾರ?” ಎಂದು ಕಣ್ಣೊರೆಸಿಕೊಳ್ಳುತ್ತ ಕೇಳಿದರು ಜಾಬರಣ್ಣ.

ಮೌಶಿ ಅಂದರು: “ತರ್ರಿ. ಆದ್ರ ಕನ್ನಡದ್ದಷ್ಟ ತರ್ರಿ.”